ಕಿವಿಗೊಟ್ಟು ಗೆದ್ದ ನಟ

2005ರಲ್ಲಿ ಫ್ರಾನ್ಸ್ 2 ವಾಹಿನಿಯಲ್ಲಿ ‘ಮೆಗ್ರೆ’ ಪತ್ತೇದಾರಿ ಸರಣಿಯ 54ನೇ ಕಂತು ಪ್ರಸಾರವಾಯಿತು. ಅದೇ ಕೊನೆಯ ಕಂತು. ಹದಿನಾಲ್ಕು ವರ್ಷಗಳಿಂದ ಫ್ರಾನ್ಸಿನ ಮನೆಮನೆಗೂ ಗುರುತಾಗಿದ್ದ ಅದೇ ಅಗಲ ಭುಜ, ಅದೇ ಭಾರದ ಓವರ್‌ಕೋಟು, ಅದೇ ಹ್ಯಾಟು, ಅದೇ ಪೈಪು ತೆರೆಯ ಮೇಲಿದ್ದವು. ದನಿ ಮಾತ್ರ ಬೇರೆಯವರದು. ಬಾಯಿ ಮತ್ತು ಗಂಟಲಿನ ಕ್ಯಾನ್ಸರ್ ಮೆಗ್ರೆಯ ಪಾತ್ರಧಾರಿ ಬ್ರುನೋ ಕ್ರೆಮೇರ್ ಅವರ ದನಿಯನ್ನು ಕಸಿದುಕೊಂಡಿತ್ತು. ಅವರ ಮಾತುಗಳನ್ನೆಲ್ಲ ವಿನ್ಸಾಂ ಗ್ರಾಸ್ ಎಂಬ ಇನ್ನೊಬ್ಬ ನಟ ಡಬ್ ಮಾಡಿಕೊಟ್ಟರು.

ನಟನಿಗೆ ದನಿ ಹೋದರೆ ಉಳಿಯುವುದೇನು ಎಂದು ಯಾರಾದರೂ ಕೇಳಿಯಾರು. ಆದರೆ ಆ ಕಂತಿನಲ್ಲೂ ಮೆಗ್ರೆ ಮೆಗ್ರೆಯಾಗಿಯೇ ಇದ್ದಾನೆ. ಕ್ರೆಮೇರ್ ಆ ಪಾತ್ರವನ್ನು ಕಟ್ಟಿದ್ದು ಮಾತಾಡಿ ಅಲ್ಲ, ಎದುರಿಗಿದ್ದವರ ಮಾತು ಕೇಳಿಸಿಕೊಂಡು. ಐವತ್ತು ವರ್ಷ ರಂಗಭೂಮಿ, ಸಿನಿಮಾ, ಟೆಲಿವಿಷನ್ ಮೂರರಲ್ಲೂ ದುಡಿದ ಈ ಮನುಷ್ಯನ ಕೈಯಲ್ಲಿ ಕೇಳಿಸಿಕೊಳ್ಳುವುದೇ ಒಂದು ದೊಡ್ಡ ನಟನೆಯಾಗಿ ಬೆಳೆಯಿತು. ನಮ್ಮ ಕಡೆ ಅವರ ಹೆಸರು ಕೇಳಿದವರು ಕಡಿಮೆ. ಫ್ರೆಂಚ್ ನಟರೆಂದರೆ ನಮಗೆ ಬೆಲ್ಮಾಂಡೊ, ಡೆಲಾನ್, ಡೆಪಾರ್ಡ್ಯೂ ಬಿಟ್ಟರೆ ಮುಂದಿನ ಹೆಸರು ಸುಲಭಕ್ಕೆ ಬಾಯಿಗೆ ಬರುವುದಿಲ್ಲ. ಹಾಗಾಗಿಯೇ ಕ್ರೆಮೇರ್ ಬಗ್ಗೆ ಬರೆಯಬೇಕೆನಿಸಿತು.

ಹುಟ್ಟಿದ್ದು 1929ರ ಅಕ್ಟೋಬರ್ 6ರಂದು, ಪ್ಯಾರಿಸ್ ನಗರದ ಪೂರ್ವ ಅಂಚಿಗೆ ತಾಗಿಕೊಂಡಿರುವ ಸೇನ್-ಮಾಂದೆಯಲ್ಲಿ. ಯುದ್ಧ ಮುಗಿದ ಮೇಲೆ ನಟನೆ ಕಲಿಯಲು ಸೇರಿದ್ದು ಪ್ಯಾರಿಸ್‌ನ ರಾಷ್ಟ್ರೀಯ ನಾಟಕ ಶಾಲೆಗೆ, ಅಂದರೆ ಅಲ್ಲಿನವರು ‘ಕೊಂಸರ್ವತ್ವಾರ್’ ಎನ್ನುವ ಸಂಸ್ಥೆಗೆ. ಐವತ್ತರ ದಶಕದಲ್ಲಿ ಅಲ್ಲಿ ಕಲಿತ ಹುಡುಗ ಹುಡುಗಿಯರ ಹೆಸರು ನೋಡಿದರೆ ಬೆರಗಾಗುತ್ತದೆ. ಜಾಂ ಪಾಲ್ ಬೆಲ್ಮಾಂಡೊ, ಜಾಂ ಪಿಯೆರ್ ಮಾರಿಯೆಲ್, ಜಾಂ ರೋಶ್‌ಫೋರ್, ಕ್ಲೋದ್ ರಿಶ್, ಆನಿ ಜಿರಾರ್ದೊ. ಮುಂದಿನ ನಲವತ್ತು ವರ್ಷ ಫ್ರೆಂಚ್ ಸಿನಿಮಾವನ್ನು ಹೊತ್ತು ನಡೆಸಿದವರು ಇವರೇ. ಬದುಕಿನ ಕೊನೆಯವರೆಗೂ ಬಿಡದ ಸ್ನೇಹ ಈ ಗುಂಪಿನದು. ಕ್ರೆಮೇರ್ ಅವರಲ್ಲೊಬ್ಬರು, ಆದರೆ ಗೆಳೆಯರಲ್ಲಿ ಹಲವರಿಗೆ ಬೇಗ ಸಿಕ್ಕ ಬೆಳಕು ಅವರಿಗೆ ಬೇಗ ಸಿಗಲಿಲ್ಲ.

ಮೊದಲ ಹತ್ತು ವರ್ಷ ಹೆಚ್ಚುಕಡಿಮೆ ರಂಗಭೂಮಿಯಲ್ಲೇ ಕಳೆದವು. 1959ರಲ್ಲಿ ಜಾಂ ಅನೂಯಿ ಬರೆದ ‘ಬೆಕೆಟ್’ ನಾಟಕ ಪ್ಯಾರಿಸ್‌ನ ಮೊಂಪಾರ್ನಾಸ್ ರಂಗಮಂದಿರದಲ್ಲಿ ಮೊದಲ ಬಾರಿ ರಂಗಕ್ಕೆ ಬಂದಾಗ ಬೆಕೆಟ್‌ನ ಪಾತ್ರ ಕ್ರೆಮೇರ್ ಪಾಲಿಗೆ ಬಂತು. ರಾಜನಾಗಿ ದಾನಿಯೆಲ್ ಇವೆರ್ನೆಲ್. ರಾಜನ ಗೆಳೆಯನಾಗಿದ್ದವನು ಧರ್ಮಗುರುವಾದ ಮೇಲೆ ಅದೇ ರಾಜನೆದುರು ನಿಂತು ಪ್ರಾಣ ಕಳೆದುಕೊಳ್ಳುವ ಕಥೆ ಅದು. ನಾಟಕ ಗೆದ್ದಿತು. ಐದು ವರ್ಷ ಬಿಟ್ಟು ಅದು ಇಂಗ್ಲಿಷ್ ಸಿನಿಮಾ ಆದಾಗ ಬೆಕೆಟ್ ಆದದ್ದು ರಿಚರ್ಡ್ ಬರ್ಟನ್. ಪಾತ್ರವನ್ನು ಮೊದಲು ರೂಪಿಸಿದವರನ್ನು ಮರೆತು, ಅದನ್ನು ಲೋಕಕ್ಕೆ ತೋರಿಸಿದವರನ್ನು ನೆನಪಿಟ್ಟುಕೊಳ್ಳುವುದು ಸಿನಿಮಾದ ಹಳೆಯ ಅನ್ಯಾಯ.

ಈ ನಡುವೆ 1957ರಲ್ಲಿ ಇವ್ ಅಲೆಗ್ರೆ ನಿರ್ದೇಶನದ ಒಂದು ಅಪರಾಧ ಚಿತ್ರದಲ್ಲಿ ಸಣ್ಣ ಪಾತ್ರ ಸಿಕ್ಕಿತು. ಅದೇ ಚಿತ್ರದಲ್ಲಿ ಇನ್ನೊಬ್ಬ ಹೊಸ ಹುಡುಗ ತೆರೆಗೆ ಬಂದ. ಅವನ ಹೆಸರು ಅಲಾಂ ಡೆಲಾನ್. ಮೂರು ವರ್ಷ ಕಳೆಯುವುದರೊಳಗೆ ಡೆಲಾನ್ ತಾರೆಯಾದರು. ಅದೇ ಹೊತ್ತಿಗೆ ನಿರ್ದೇಶಕ ಗೊದಾರ್ ಅವರ ಚಿತ್ರದಿಂದ ಬೆಲ್ಮಾಂಡೊ ಜಗತ್ತಿಗೆಲ್ಲ ಪರಿಚಿತರಾದರು. ಹೊಸ ಅಲೆಯ ಸಿನಿಮಾಕ್ಕೆ ಬೇಕಿದ್ದದ್ದು ಚುರುಕು, ತುಂಟತನ, ಬೀದಿಯಲ್ಲಿ ಓಡುವ ಕಾಲುಗಳು. ಕ್ರೆಮೇರ್ ಮೈಕಟ್ಟು ಅದಕ್ಕೆ ತದ್ವಿರುದ್ಧ. ದಪ್ಪ ಕತ್ತು, ಅರ್ಧ ಮುಚ್ಚಿದ ರೆಪ್ಪೆಗಳು, ಅವಸರವೇ ಇಲ್ಲದ ನಡೆ. ಈ ಮನುಷ್ಯ ಹೊಡೆಯುತ್ತಾನೋ ಕಾಪಾಡುತ್ತಾನೋ ಎಂದು ನೋಡಿದ ಕೂಡಲೇ ಹೇಳಲಾಗದ ಮುಖ. ಅಂಥ ಮುಖಕ್ಕೆ ತಕ್ಕ ಕಥೆ ಬರಲು ಇನ್ನೂ ಕೆಲವು ವರ್ಷ ಬೇಕಾಯಿತು.

ಆ ಕಥೆ ಬಂದದ್ದು ಇಂಡೋಚೀನಾದ ಕಾಡಿನಿಂದ. 1965ರಲ್ಲಿ ತೆರೆಕಂಡ ‘317ನೇ ತುಕಡಿ’ಯ ನಿರ್ದೇಶಕ ಪಿಯೆರ್ ಶೋಂಡೋರ್ಫರ್ ಫ್ರೆಂಚ್ ಸೇನೆಯಲ್ಲಿ ಕ್ಯಾಮೆರಾಮನ್ ಆಗಿದ್ದವರು. 1954ರಲ್ಲಿ ಫ್ರೆಂಚ್ ಸೇನಾನೆಲೆ ದಿಯೆನ್ ಬಿಯೆನ್ ಫು ಪತನವಾದಾಗ ವಿಯೆಟ್ನಾಮಿ ಹೋರಾಟಗಾರರಾದ ವಿಯೆಟ್ ಮಿನ್ ಕೈಗೆ ಸೆರೆ ಸಿಕ್ಕಿದ್ದವರು. ಛಾಯಾಗ್ರಾಹಕ ರವೂಲ್ ಕುತಾರ್ ಕೂಡ ಇಂಡೋಚೀನಾದಲ್ಲಿ ವರ್ಷಗಟ್ಟಲೆ ಇದ್ದು ಫೋಟೊ ತೆಗೆದವರು. ಗೊದಾರ್ ಚಿತ್ರಗಳಿಗೆ ಕ್ಯಾಮೆರಾ ಹಿಡಿದವರೂ ಇವರೇ. ಇವರಿಬ್ಬರು ನಟರನ್ನು ಕಾಂಬೋಡಿಯಾದ ಕಾಡಿಗೆ ಕರೆದೊಯ್ದು, ಮಳೆ ಕೆಸರಿನಲ್ಲಿ ಸೈನಿಕರಂತೆಯೇ ನಡೆಸಿ, ಕಪ್ಪು ಬಿಳುಪಿನಲ್ಲಿ ಚಿತ್ರ ತೆಗೆದರು.

ಕಥೆ ಸರಳ. 1954ರ ಮೇ ತಿಂಗಳು. ಗಡಿಯ ಒಂದು ಠಾಣ್ಯದಲ್ಲಿರುವ ಸಣ್ಣ ತುಕಡಿಗೆ ಜಾಗ ಖಾಲಿ ಮಾಡಿ ದಕ್ಷಿಣಕ್ಕೆ ಹಿಂದೆಗೆಯಿರಿ ಎಂಬ ಆದೇಶ ಬರುತ್ತದೆ. ತುಕಡಿಯ ಮುಖ್ಯಸ್ಥ ತೊರೆನ್ಸ್ ಸೈನಿಕ ಶಾಲೆ ಬಿಟ್ಟು ಈಗಷ್ಟೇ ಬಂದ ಎಳೆಯ ಅಧಿಕಾರಿ. ಆ ಪಾತ್ರದಲ್ಲಿ ಜಾಕ್ ಪೆರಾಂ. ಅವನ ಕೈಕೆಳಗಿನ ವಿಲ್ಸ್‌ಡೋರ್ಫ್ ಆಗಿ ಕ್ರೆಮೇರ್. ವಿಲ್ಸ್‌ಡೋರ್ಫ್ ಅಲ್ಸಾಸ್ ಪ್ರಾಂತದವನು. ಎರಡನೇ ಮಹಾಯುದ್ಧದಲ್ಲಿ ಅಲ್ಲಿನ ಹುಡುಗರನ್ನು ಜರ್ಮನರು ಬಲವಂತವಾಗಿ ತಮ್ಮ ಸೇನೆಗೆ ಎಳೆದುಕೊಂಡರು. ಹಾಗೆ ರಷ್ಯಾದ ರಣರಂಗ ಕಂಡು ಬದುಕಿ ಬಂದವನು ಈಗ ಫ್ರಾನ್ಸ್ ಪರವಾಗಿ ಸೋಲುತ್ತಿರುವ ಇನ್ನೊಂದು ಯುದ್ಧದಲ್ಲಿದ್ದಾನೆ.

ಇಡೀ ಚಿತ್ರದಲ್ಲಿ ಇವರಿಬ್ಬರ ಜಗಳ ಒಂದೇ ವಿಷಯಕ್ಕೆ. ಗಾಯಗೊಂಡವರನ್ನು ಹೊತ್ತುಕೊಂಡೇ ನಡೆಯಬೇಕೆಂದು ಹುಡುಗನ ಹಟ. ಹೊತ್ತರೆ ಎಲ್ಲರೂ ಸಾಯುತ್ತೇವೆಂದು ಅನುಭವಿಯ ಲೆಕ್ಕ. ಬೇರೆ ನಟನಾಗಿದ್ದರೆ ಇಲ್ಲಿ ದನಿಯೇರಿಸುತ್ತಿದ್ದ. ಕ್ರೆಮೇರ್ ದನಿ ಇಳಿಸುತ್ತಾರೆ. ಹುಡುಗ ತಪ್ಪು ನಿರ್ಧಾರ ಮಾಡುವಾಗ ಅವರು ಅವನ ಮುಖವನ್ನು ನೋಡುತ್ತಾರೆ, ಒಂದು ಮಾತು ಹೇಳುತ್ತಾರೆ, ಅವನು ಒಪ್ಪದಿದ್ದರೆ ತಿರುಗಿ ಕೆಲಸಕ್ಕೆ ಹೋಗುತ್ತಾರೆ. ಆ ನೋಟದಲ್ಲಿ ತಿರಸ್ಕಾರವಿಲ್ಲ, ಮರುಕವೂ ಇಲ್ಲ. ತಾನೂ ಒಂದು ಕಾಲಕ್ಕೆ ಹೀಗೇ ಇದ್ದೆನಲ್ಲ ಎಂಬ ಗುರುತು ಮಾತ್ರ ಇದೆ. ಚಿತ್ರ ಮುಗಿಯುವ ಹೊತ್ತಿಗೆ ಹುಡುಗ ಅಧಿಕಾರಿ ಅವನಿಗೆ ಮಗನಂತೆ ಆಗಿರುತ್ತಾನೆ, ಆದರೆ ಹಾಗೆಂದು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ವಿಲ್ಸ್‌ಡೋರ್ಫ್ ಮುಂದೆ 1960ರಲ್ಲಿ ಅಲ್ಜೀರಿಯಾದಲ್ಲಿ ಸತ್ತ ಎಂದು ಕೊನೆಯಲ್ಲಿ ತಿಳಿಸುತ್ತಾರೆ. ಎರಡು ಯುದ್ಧ ಸೋತವನು ಮೂರನೆಯದರಲ್ಲಿ ಮುಗಿದುಹೋದ.

ಆ ವರ್ಷದ ಕಾನ್ ಚಿತ್ರೋತ್ಸವದಲ್ಲಿ ಚಿತ್ರಕಥೆಯ ಪ್ರಶಸ್ತಿಯಲ್ಲಿ ಪಾಲು ಬಂತು. ವಸಾಹತುಶಾಹಿ ಯುದ್ಧವೊಂದನ್ನು ಅದರ ಸೈನಿಕರ ಕಣ್ಣಿನಿಂದಷ್ಟೇ ನೋಡುವ ಈ ಚಿತ್ರದ ಬಗ್ಗೆ ನಮ್ಮಂಥ ದೇಶದವರಿಗೆ ತಕರಾರು ಇರುವುದು ಸಹಜ. ಆ ಕಾಡಿನ ಜನರ ನೋವು ಇಲ್ಲಿ ಅಂಚಿನಲ್ಲೇ ಉಳಿಯುತ್ತದೆ. ಆ ತಕರಾರು ನನಗೂ ಇದೆ. ಆದರೂ ಸೋಲನ್ನು ಇಷ್ಟು ಪ್ರಾಮಾಣಿಕವಾಗಿ, ಬಡಾಯಿಯಿಲ್ಲದೆ ತೋರಿಸಿದ ಯುದ್ಧಚಿತ್ರಗಳು ಬಹಳ ಇಲ್ಲ. ಅದಕ್ಕೆ ಅರ್ಧ ಕಾರಣ ಕ್ರೆಮೇರ್.

ಆಮೇಲೆ ಹದಿನೈದು ವರ್ಷ ಕೈತುಂಬ ಕೆಲಸ. ರನೆ ಕ್ಲೆಮಾಂ ಅವರ ‘ಪ್ಯಾರಿಸ್ ಉರಿಯುತ್ತಿದೆಯೇ?’ (1966) ಚಿತ್ರದಲ್ಲಿ ಪ್ಯಾರಿಸ್ ದಂಗೆಯ ನಾಯಕ ಕರ್ನಲ್ ರೋಲ್. ನಿರ್ದೇಶಕ ವಿಸ್ಕೊಂತಿ 1967ರಲ್ಲಿ ಕಮೂ ಅವರ ‘ಅಪರಿಚಿತ’ ಕಾದಂಬರಿಯನ್ನು ತೆರೆಗೆ ತಂದಾಗ ಮಾಸ್ಟ್ರೊಯಾನಿ ಎದುರು ಜೈಲಿನ ಪಾದ್ರಿ. ‘ಬೊನೊ ಗ್ಯಾಂಗ್’ (1968) ಚಿತ್ರದಲ್ಲಿ ಅರಾಜಕತಾವಾದಿ ದರೋಡೆಕೋರ ಜೂಲ್ ಬೊನೊ, ಅದರಲ್ಲಿ ಜೊತೆಗಾರನಾಗಿ ಗಾಯಕ ಜಾಕ್ ಬ್ರೆಲ್. ಕೋಸ್ಟಾ ಗಾವ್ರಾಸ್, ಇವ್ ಬ್ವಾಸೆ, ಕ್ಲೋದ್ ಲೆಲೂಶ್ ಎಲ್ಲರೂ ಕರೆದರು. ರಾಜಕೀಯ ಚಿತ್ರಗಳ ಆ ದಶಕದಲ್ಲಿ ಪೊಲೀಸು, ವಕೀಲ, ಗೂಢಚಾರ, ಸೈನಿಕ ಯಾರು ಬೇಕಾದರೂ ಆಗಬಲ್ಲ ನಟ ಅವರು. ತಾರೆ ಆಗಲಿಲ್ಲ. ಗಟ್ಟಿಮುಟ್ಟಿನ ಮೌನಿ ಪಾತ್ರಗಳೆಂದರೆ ಆ ಕಾಲಕ್ಕೆ ಲೀನೊ ವೆಂಟುರಾ ಎಂಬಂತಿತ್ತು. ಅದಕ್ಕೂ ಮೇಲೆ ಹಿರಿಯ ನಟ ಗಾಬಿನ್ ನೆನಪು.

ಈ ವರ್ಷಗಳ ಚಿತ್ರಗಳಲ್ಲಿ ಎರಡನ್ನು ನಾನು ಬಿಡಲಾರೆ. ಒಂದು, 1976ರ ‘ಲಾಲ್ಪಗರ್’. ಹಳೆಯ ಗೆಳೆಯ ಬೆಲ್ಮಾಂಡೊ ನಾಯಕ, ಕ್ರೆಮೇರ್ ಖಳ. ಇವನ ಅಡ್ಡಹೆಸರು ಡೇಗೆ. ಅಪ್ರಾಪ್ತ ಪೋಕರಿ ಹುಡುಗರನ್ನು ಪುಸಲಾಯಿಸಿ ದರೋಡೆಗೆ ಕರೆದೊಯ್ಯುತ್ತಾನೆ, ಕೆಲಸ ಮುಗಿದ ಮೇಲೆ ಸಾಕ್ಷಿ ಉಳಿಯದಂತೆ ಅವರನ್ನೇ ಕೊಲ್ಲುತ್ತಾನೆ. ಹುಡುಗರನ್ನು ಅವನು ‘ಕೊಕೊ’ ಎಂದು ಕರೆಯುವ ರೀತಿ ಕೇಳಬೇಕು. ಅಕ್ಕರೆಯ ಮಾವನ ದನಿ ಅದು. ವಿಲ್ಸ್‌ಡೋರ್ಫ್ ಎಳೆಯ ಅಧಿಕಾರಿಯನ್ನು ನೋಡಿದ ಅದೇ ತಾಳ್ಮೆಯ ಕಣ್ಣು ಇಲ್ಲಿ ಬಲಿಯನ್ನು ಅಳೆಯುತ್ತದೆ. ಒಂದೇ ಮುಖದಲ್ಲಿ ಆಸರೆಯೂ ಅಪಾಯವೂ ಇದ್ದವು ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಡ.

ಇನ್ನೊಂದು, ವಿಲಿಯಂ ಫ್ರೀಡ್ಕಿನ್ ಅವರ ‘ಸಾರ್ಸರರ್’. ‘ಎಕ್ಸಾರ್ಸಿಸ್ಟ್’ ಗೆದ್ದ ಹುಮ್ಮಸ್ಸಿನಲ್ಲಿ ಫ್ರೀಡ್ಕಿನ್ ಕೈಹಾಕಿದ ಮಹಾಸಾಹಸ. ನಿರ್ದೇಶಕ ಕ್ಲೂಜೊ 1953ರಲ್ಲಿ ‘ಭಯದ ಕೂಲಿ’ ಎಂದು ತೆಗೆದಿದ್ದ ಅದೇ ಕಾದಂಬರಿ. ದೇಶಭ್ರಷ್ಟರಾದ ನಾಲ್ವರು ಲ್ಯಾಟಿನ್ ಅಮೆರಿಕದ ಕಾಡಿನಲ್ಲಿ ಎರಡು ಲಾರಿಗಳಲ್ಲಿ ನೈಟ್ರೊಗ್ಲಿಸರಿನ್ ಸೋರುವ ಡೈನಮೈಟ್ ಸಾಗಿಸುತ್ತಾರೆ. ಚಕ್ರ ಸ್ವಲ್ಪ ಜೋರಾಗಿ ಕುಲುಕಿದರೂ ಸಾವು. ಫ್ರೆಂಚ್ ಪಾತ್ರಕ್ಕೆ ಫ್ರೀಡ್ಕಿನ್ ಮೊದಲು ಯೋಚಿಸಿದ್ದು ಲೀನೊ ವೆಂಟುರಾ ಅವರನ್ನೇ. ಕೊನೆಗೆ ಅದು ಕ್ರೆಮೇರ್ ಕೈಗೆ ಬಂತು.

ವಿಕ್ಟರ್ ಮಾನ್ಜೊಂ ಪ್ಯಾರಿಸ್‌ನ ಸಿರಿವಂತ ಬ್ಯಾಂಕರ್. ಹಣಕಾಸಿನ ಮೋಸ ಬಯಲಾಗುವ ಹಂತಕ್ಕೆ ಬಂದಿದೆ. ಹೆಂಡತಿ ಅವನಿಗೆ ಮದುವೆಯ ವಾರ್ಷಿಕೋತ್ಸವದ ಉಡುಗೊರೆಯಾಗಿ ಕೈಗಡಿಯಾರ ಕೊಡುತ್ತಾಳೆ. ಅದೇ ದಿನ ದುಬಾರಿ ರೆಸ್ಟೋರೆಂಟ್‌ನಲ್ಲಿ ಅವಳ ಎದುರು ಊಟಕ್ಕೆ ಕುಳಿತಿರುವಾಗ ಹೆಂಡತಿಯ ತಮ್ಮ ಬರುತ್ತಾನೆ. ಹೊರಗೆ ಮಾತಾಡಿಕೊಳ್ಳುತ್ತಾರೆ. ಭಾವಮೈದುನ ಕಾರಿನೊಳಗೆ ಗುಂಡು ಹಾರಿಸಿಕೊಳ್ಳುತ್ತಾನೆ. ಮಾನ್ಜೊಂ ಊಟದ ಮೇಜಿಗೆ ಮರಳುವುದೇ ಇಲ್ಲ. ಮುಂದೆ ನಾವು ಅವನನ್ನು ನೋಡುವುದು ಎಣ್ಣೆಬಾವಿಯ ಕೂಲಿಯಾಗಿ, ಹರಕು ಅಂಗಿಯಲ್ಲಿ. ಬ್ಯಾಂಕರ್‌ನ ನೆಟ್ಟಗಿನ ಬೆನ್ನು ಬಾಗಿದೆ, ಆದರೆ ಕೈಗಡಿಯಾರ ನೋಡುವ ರೀತಿಯಲ್ಲಿ ಹಳೆಯ ಮನುಷ್ಯ ಒಂದು ಕ್ಷಣ ಹಣಕುತ್ತಾನೆ. ಸೇತುವೆ, ಬಿರುಗಾಳಿ, ಉರುಳಿಬಿದ್ದ ಮಹಾವೃಕ್ಷ ಎಲ್ಲವನ್ನೂ ದಾಟಿದ ಮೇಲೆ ದಾರಿ ಸಲೀಸಾಗಿರುವ ಕಡೆ ಅವನು ಜೊತೆಗಾರನಿಗೆ ಪ್ಯಾರಿಸ್ ಬಗ್ಗೆ, ಹೆಂಡತಿಯ ಬಗ್ಗೆ ಹೇಳಲು ತೊಡಗುತ್ತಾನೆ. ಇಡೀ ಚಿತ್ರದಲ್ಲಿ ಅವನು ಮನಸ್ಸು ಬಿಚ್ಚುವುದು ಆಗ ಮಾತ್ರ. ಅಷ್ಟರಲ್ಲಿ ಟೈರ್ ಸಿಡಿಯುತ್ತದೆ.

1977ರ ಜೂನ್‌ನಲ್ಲಿ ಚಿತ್ರ ಬಿಡುಗಡೆಯಾದಾಗ ಅಮೆರಿಕದ ಚಿತ್ರಮಂದಿರಗಳ ಮುಂದೆ ‘ಸ್ಟಾರ್ ವಾರ್ಸ್’ಗೆ ಸಾಲು ನಿಂತಿತ್ತು. ‘ಸಾರ್ಸರರ್’ ಮಕಾಡೆ ಮಲಗಿತು. ಹಾಲಿವುಡ್‌ನ ಬಾಗಿಲು ಕ್ರೆಮೇರ್‌ಗೆ ತೆರೆದಷ್ಟೇ ಬೇಗ ಮುಚ್ಚಿತು. ಮೂರೂವರೆ ದಶಕದ ನಂತರ, 2013ರಲ್ಲಿ, ಫ್ರೀಡ್ಕಿನ್ ಅದರ ಪ್ರತಿಯನ್ನು ಹೊಸದಾಗಿ ಸರಿಪಡಿಸಿ ವೆನಿಸ್‌ನಲ್ಲಿ ತೋರಿಸಿದರು. ಈಗ ಅದು ಆ ದಶಕದ ಶ್ರೇಷ್ಠ ಚಿತ್ರಗಳಲ್ಲಿ ಒಂದೆಂದು ಒಪ್ಪುವವರ ಸಂಖ್ಯೆ ದೊಡ್ಡದು. ಅದನ್ನು ಕೇಳಲು ಕ್ರೆಮೇರ್ ಇರಲಿಲ್ಲ.

ಎಂಬತ್ತರ ದಶಕದಲ್ಲಿ ಅವರನ್ನು ಮತ್ತೆ ಮತ್ತೆ ಕರೆದದ್ದು ಜಾಂ ಕ್ಲೋದ್ ಬ್ರಿಸೊ. ಮೇಷ್ಟರ ಕೆಲಸದಿಂದ ಸಿನಿಮಾಕ್ಕೆ ಬಂದ ಈ ನಿರ್ದೇಶಕನ ‘ಸದ್ದು ಮತ್ತು ಸಿಟ್ಟು’ (1988) ಪ್ಯಾರಿಸ್ ಹೊರವಲಯದ ಬಹುಮಹಡಿ ವಠಾರಗಳ ಕಥೆ. ಕ್ರೆಮೇರ್ ಅಲ್ಲಿ ಮನೆಯೊಳಗೇ ಗುರಿಯಿಟ್ಟು ಬಂದೂಕು ಹಾರಿಸುವ ತಂದೆ. ಕಾನೂನೆಂದರೆ ಉಗುಳುವ ಆ ಮನುಷ್ಯನಿಗೆ ಮಗನ ಮೇಲಿರುವ ಪ್ರೀತಿಯೂ ಹೊಡೆತದ ಹಾಗೇ ಇರುತ್ತದೆ. ಮರುವರ್ಷ ಬಂದ ‘ನೋಸ್ ಬ್ಲಾಂಶ್’ ಚಿತ್ರದಲ್ಲಿ ತತ್ವಶಾಸ್ತ್ರದ ಅಧ್ಯಾಪಕ. ಗಾಯಕಿಯಾಗಿ ಹೆಸರಾಗಿದ್ದ ಹದಿಹರೆಯದ ವನೆಸಾ ಪಾರಡಿ ಅವನ ವಿದ್ಯಾರ್ಥಿನಿ. ಚಿತ್ರ ಫ್ರಾನ್ಸ್‌ನಲ್ಲಿ ಚೆನ್ನಾಗಿ ಓಡಿತು, ಪಾರಡಿಗೆ ಹೊಸ ನಟಿಯ ಸೆಸಾರ್ ಪ್ರಶಸ್ತಿ ಬಂತು. ಮೇಷ್ಟರು ಮತ್ತು ವಿದ್ಯಾರ್ಥಿನಿಯ ಸಂಬಂಧವನ್ನು ಪ್ರೇಮವೆಂದು ಹೇಳುವ ಈ ಕಥೆಯನ್ನು ಇಂದು ನಿರಾಳವಾಗಿ ನೋಡಲಾಗದು. ನಟಿಯರಾಗಲು ಬಂದ ಯುವತಿಯರಿಗೆ ಲೈಂಗಿಕ ಕಿರುಕುಳ ಕೊಟ್ಟದ್ದಕ್ಕೆ ಬ್ರಿಸೊಗೆ 2005ರಲ್ಲಿ ನ್ಯಾಯಾಲಯ ಶಿಕ್ಷೆ ವಿಧಿಸಿದ ಮೇಲಂತೂ ಇನ್ನೂ ಕಷ್ಟ. ಕ್ರೆಮೇರ್ ಮಾತ್ರ ಆ ಅಧ್ಯಾಪಕನನ್ನು ನಾಯಕನಂತೆ ಆಡಲಿಲ್ಲ. ತನ್ನ ವಯಸ್ಸು, ಜವಾಬ್ದಾರಿ ಎರಡನ್ನೂ ಬಲ್ಲ ಮನುಷ್ಯ ತಿಳಿದೂ ತಿಳಿದೂ ಜಾರುವುದನ್ನು ಅವರ ಮುಖ ಮುಚ್ಚಿಡುವುದಿಲ್ಲ.

1987ರಲ್ಲಿ ಬೆಲ್ಜಿಯಂನ ಇಬ್ಬರು ಅಣ್ಣತಮ್ಮಂದಿರು ತಮ್ಮ ಮೊದಲ ಕಥಾಚಿತ್ರ ‘ಫಾಲ್ಶ್’ಗೆ ಮುಖ್ಯ ನಟನಾಗಿ ಆರಿಸಿಕೊಂಡದ್ದೂ ಕ್ರೆಮೇರ್ ಅವರನ್ನು. ಆ ಅಣ್ಣತಮ್ಮಂದಿರು ದಾರ್ದೆನ್ ಸಹೋದರರು, ಮುಂದೆ ಕಾನ್‌ನಲ್ಲಿ ಎರಡು ಬಾರಿ ಚಿನ್ನದ ಗರಿ ಗೆದ್ದವರು.

ಅರವತ್ತು ಮುಟ್ಟಿದ ಮೇಲೆ ಟೆಲಿವಿಷನ್ ಕರೆಯಿತು. ಜಾರ್ಜ್ ಸಿಮೆನೋನ್ 75 ಕಾದಂಬರಿ, 28 ಕಥೆಗಳಲ್ಲಿ ಬೆಳೆಸಿದ ಪತ್ತೇದಾರ ಮೆಗ್ರೆ ಫ್ರೆಂಚರಿಗೆ ನೆರೆಮನೆಯವನಷ್ಟು ಹತ್ತಿರದವನು. 1932ರಲ್ಲಿ ಪಿಯೆರ್ ರೆನ್ವಾರ್ ಆ ಪಾತ್ರ ಮಾಡಿದಂದಿನಿಂದ ಎಷ್ಟೋ ನಟರು ಆ ಪೈಪು ಹಚ್ಚಿದ್ದರು. ಗಾಬಿನ್ ಮೂರು ಚಿತ್ರಗಳಲ್ಲಿ ಮೆಗ್ರೆ ಆದರು. ಟೆಲಿವಿಷನ್‌ನಲ್ಲಿ ಜಾಂ ರಿಶಾರ್ 1967ರಿಂದ 1990ರವರೆಗೆ 88 ಕಂತುಗಳಲ್ಲಿ ಆ ಪಾತ್ರವನ್ನು ತಮ್ಮದಾಗಿಸಿಕೊಂಡಿದ್ದರು. ಒಂದು ತಲೆಮಾರಿಗೆ ಮೆಗ್ರೆ ಎಂದರೆ ರಿಶಾರ್. ಅವರು ಬಿಟ್ಟ ಮರುವರ್ಷವೇ ಅದೇ ಕುರ್ಚಿಯಲ್ಲಿ ಕೂರಲು ಒಪ್ಪುವುದು ಧೈರ್ಯದ ಕೆಲಸ. ಸಿಮೆನೋನ್ 1989ರಲ್ಲಿ ತೀರಿಕೊಂಡಿದ್ದರಿಂದ ಕ್ರೆಮೇರ್ ಅವರ ಮೆಗ್ರೆಯನ್ನು ಕಾಣುವ ಯೋಗ ಅವರಿಗೆ ಬರಲಿಲ್ಲ.

1991ರಿಂದ ವರ್ಷಕ್ಕೆ ಮೂರು-ನಾಲ್ಕರಂತೆ ಕಂತುಗಳು ಬಂದವು. ಒಂದೊಂದೂ ಸುಮಾರು ಒಂದೂವರೆ ಗಂಟೆಯ ಪೂರ್ಣ ಚಿತ್ರ. ಕಾಲ ಐವತ್ತರ ದಶಕ. ಈಗಿನ ಪ್ಯಾರಿಸ್‌ನಲ್ಲಿ ಆ ಕಾಲದ ಬೀದಿಗಳನ್ನು ಹುಡುಕುವುದು ಕಷ್ಟವಾದ್ದರಿಂದ ಎಷ್ಟೋ ಕಂತುಗಳು ಪ್ರಾಗ್‌ನಲ್ಲಿ ಚಿತ್ರೀಕರಣಗೊಂಡವು. ಕ್ಲೋದ್ ಗೊರೆಟಾ, ಪಿಯೆರ್ ಗ್ರಾನಿಯೆ ದಫೆರ್ ತರಹದ ಹಿರಿಯ ನಿರ್ದೇಶಕರು ಬಂದು ಹೋದರು. ಎಲ್ಲ ಕಂತುಗಳನ್ನೂ ಹಿಡಿದಿಟ್ಟ ಎಳೆ ಕ್ರೆಮೇರ್.

ವಿಚಾರಣೆಯ ದೃಶ್ಯವನ್ನೇ ತೆಗೆದುಕೊಳ್ಳಿ. ಮೆಗ್ರೆಯ ಕಚೇರಿ, ಶಂಕಿತ ಕುರ್ಚಿಯಲ್ಲಿ. ಬೇರೆ ಪತ್ತೇದಾರರು ಮೇಜು ಗುದ್ದುವ ಹೊತ್ತಿಗೆ ಈ ಮೆಗ್ರೆ ಪೈಪಿಗೆ ತಂಬಾಕು ತುಂಬುತ್ತಾನೆ, ಹೆಬ್ಬೆರಳಿನಿಂದ ಒತ್ತುತ್ತಾನೆ, ಕಡ್ಡಿ ಗೀರುತ್ತಾನೆ. ಶಂಕಿತ ಸುಳ್ಳು ಹೇಳುತ್ತಾನೆ. ಮೆಗ್ರೆ ಅಲ್ಲಗಳೆಯುವುದಿಲ್ಲ. ಇನ್ನೊಂದು ಸಣ್ಣ ಪ್ರಶ್ನೆ, ಕೊಲೆಗೆ ಸಂಬಂಧವೇ ಇಲ್ಲದ್ದು, ಹೆಂಡತಿ ಬಗ್ಗೆಯೋ ಬಾಡಿಗೆ ಬಗ್ಗೆಯೋ. ಶಂಕಿತ ಹೇಳುತ್ತಾ ಹೋಗುತ್ತಾನೆ. ಕ್ಯಾಮೆರಾ ಮಾತಾಡುವವನನ್ನು ಬಿಟ್ಟು ಕ್ರೆಮೇರ್ ಮುಖದ ಮೇಲೆ ಬರುತ್ತದೆ. ಆ ಮುಖದಲ್ಲಿ ಗೆದ್ದೆನೆಂಬ ಹೊಳಪಿಲ್ಲ. ತನಗೆ ತಿಳಿದದ್ದು ತಿಳಿಯದೇ ಇದ್ದಿದ್ದರೆ ಒಳ್ಳೆಯದಿತ್ತು ಎಂಬ ದಣಿವಿದೆ. ಕೊಲೆಗಾರ ಸಿಕ್ಕಿಬಿದ್ದಾಗ ಬೇಸರಪಡುವ ಪತ್ತೇದಾರನನ್ನು ಸಿಮೆನೋನ್ ಪುಟಗಳಲ್ಲಿ ಓದಿದ್ದವರು, ಅವನನ್ನು ಇಲ್ಲಿ ಕಣ್ಣಾರೆ ಕಂಡರು.

ಸಿನಿಮಾ ನಟ ಟೆಲಿವಿಷನ್‌ಗೆ ಹೋದರೆ ಅದನ್ನು ಇಳಿಜಾರು ಎನ್ನುವವರು ಎಲ್ಲ ಕಡೆ ಇದ್ದಾರೆ. ನನಗೆ ಆ ಮಾತು ಒಪ್ಪಿಗೆಯಿಲ್ಲ. ಸಿನಿಮಾ ಕ್ರೆಮೇರ್‌ಗೆ ಎರಡು ಗಂಟೆಯ ಕಥೆಯಲ್ಲಿ ಹದಿನೈದು ನಿಮಿಷ ಕೊಡುತ್ತಿತ್ತು. ಆಲಿಸುವ ನಟನಿಗೆ ಅದು ಸಾಲದು. ಟೆಲಿವಿಷನ್ ಕಾಲಾವಕಾಶ ಕೊಟ್ಟಿತು. ಒಂದೇ ಮನುಷ್ಯನೊಳಗೆ ಹದಿನಾಲ್ಕು ವರ್ಷ ಇದ್ದು, ಅವನೊಂದಿಗೇ ವಯಸ್ಸಾಗುತ್ತ ಹೋಗಲು ಬಿಟ್ಟಿತು. ಮೊದಲ ಕಂತುಗಳ ಮೆಗ್ರೆ ಮೆಟ್ಟಿಲನ್ನು ದಾಪುಗಾಲಿನಲ್ಲಿ ಏರುತ್ತಾನೆ. ಕೊನೆಯ ಕಂತುಗಳವನು ಮಧ್ಯದಲ್ಲಿ ನಿಂತು ಉಸಿರು ತೆಗೆದುಕೊಳ್ಳುತ್ತಾನೆ. ಅದರಲ್ಲಿ ನಟನೆ ಎಷ್ಟು, ಬದುಕು ಎಷ್ಟು ಎಂದು ಬೇರ್ಪಡಿಸಲಾಗದು.

ಈ ವರ್ಷಗಳಲ್ಲಿ ಸಿನಿಮಾ ತೀರ ಕಡಿಮೆಯಾಯಿತು, ಆದರೆ ಅವರ ಅತ್ಯಂತ ಸೂಕ್ಷ್ಮ ಪಾತ್ರ ಇದೇ ಹೊತ್ತಿನಲ್ಲಿ ಬಂತು. ಫ್ರಾನ್ಸ್ವಾ ಒಜೋಂ ಅವರ ‘ಮರಳಿನಡಿ’ (2000). ಗಂಡ ಹೆಂಡತಿ ರಜೆಗೆಂದು ಲಾಂದ್ ಕಡಲತೀರಕ್ಕೆ ಬರುತ್ತಾರೆ. ಹೆಂಡತಿ ಷಾರ್ಲೆಟ್ ರಾಂಪ್ಲಿಂಗ್. 1975ರಲ್ಲಿ ಪಾಟ್ರಿಸ್ ಶೆರೊ ಅವರ ಮೊದಲ ಚಿತ್ರದಲ್ಲಿ ಇವರಿಬ್ಬರೂ ಒಟ್ಟಿಗೆ ನಟಿಸಿದ್ದರು. ಕಾಲು ಶತಮಾನದ ನಂತರ ಮತ್ತೆ ಜೋಡಿ. ಬೀಗ ಹಾಕಿದ್ದ ಮನೆ ತೆರೆದು, ಒಲೆಗೆ ಕಟ್ಟಿಗೆ ತರಲು ಗಂಡ ಕಾಡಿಗೆ ಹೋಗುತ್ತಾನೆ. ಬಿದ್ದ ದಿಮ್ಮಿಯೊಂದನ್ನು ಎತ್ತಿದರೆ ಅಡಿಯಲ್ಲಿ ಇರುವೆಗಳು ಗಿಜಿಗುಡುತ್ತಿರುತ್ತವೆ. ಅವನು ನಿಂತು ನೋಡುತ್ತಾನೆ. ಏನೂ ಹೇಳುವುದಿಲ್ಲ. ಮರುದಿನ ಹೆಂಡತಿಯ ಬೆನ್ನಿಗೆ ಕ್ರೀಮು ಹಚ್ಚಿ, ಈಜಲು ಹೋಗುತ್ತೇನೆಂದು ಎದ್ದವನು ಮರಳುವುದಿಲ್ಲ.

ಸತ್ತನೋ, ಬಿಟ್ಟುಹೋದನೋ, ತಾನೇ ಮುಳುಗಿದನೋ ಚಿತ್ರ ಹೇಳುವುದಿಲ್ಲ. ಪ್ಯಾರಿಸ್‌ಗೆ ಮರಳಿದ ಹೆಂಡತಿಗೆ ಅವನು ಮನೆಯಲ್ಲೇ ಇದ್ದಾನೆ. ತಿಂಡಿಯ ಮೇಜಿನಲ್ಲಿ, ಹಾಸಿಗೆಯಲ್ಲಿ, ಬಾಗಿಲ ಬಳಿ. ಕ್ರೆಮೇರ್ ತೆರೆಯ ಮೇಲಿರುವುದು ಸ್ವಲ್ಪ ಹೊತ್ತು, ಮಾತು ಇನ್ನೂ ಕಡಿಮೆ. ಆದರೂ ಇಡೀ ಚಿತ್ರ ಅವರ ಭಾರದಿಂದ ಬಗ್ಗಿದೆ. ಮೊದಲ ಇಪ್ಪತ್ತು ನಿಮಿಷದಲ್ಲಿ ಈ ಗಂಡ ಇಷ್ಟು ಗಟ್ಟಿಯಾಗಿ, ದೇಹಸಮೇತ ಅಲ್ಲಿರದಿದ್ದರೆ ಮುಂದೆ ಅವನು ಇಲ್ಲದಿರುವುದು ನಮ್ಮನ್ನು ಕಾಡುತ್ತಲೇ ಇರಲಿಲ್ಲ. ಮರುವರ್ಷ ಜೋಸೆ ಜೋವಾನಿ ತಮ್ಮದೇ ಬದುಕಿನ ಕಥೆಯನ್ನು ‘ನನ್ನ ತಂದೆ’ ಎಂದು ತೆರೆಗೆ ತಂದರು. ಮರಣದಂಡನೆಗೆ ಗುರಿಯಾಗಿದ್ದ ಮಗನನ್ನು ಉಳಿಸಲು ತಂದೆ ಪಟ್ಟ ಪಾಡು ಅದರ ವಸ್ತು. ತಂದೆಯಾಗಿ ಮತ್ತೆ ಕ್ರೆಮೇರ್.

ಸಂದರ್ಶನಗಳ ಹಿಂದೆ, ಪಾರ್ಟಿಗಳ ಹಿಂದೆ ಹೋದವರಲ್ಲ. 2000ದಲ್ಲಿ ‘ಒಬ್ಬ ಯುವಕ’ ಎಂಬ ಅರ್ಥದ ಹೆಸರಿನಲ್ಲಿ ಆತ್ಮಕಥನ ಪ್ರಕಟಿಸಿದರು. ಕೊನೆಯ ಕಂತಿನ ನಂತರ ತೆರೆಯಿಂದ ಸರಿದರು. 2010ರ ಆಗಸ್ಟ್ 7ರಂದು ಪ್ಯಾರಿಸ್‌ನಲ್ಲಿ ತೀರಿಕೊಂಡಾಗ ವಯಸ್ಸು ಎಂಬತ್ತು. ಮಣ್ಣಾದದ್ದು ಮೊಂಪಾರ್ನಾಸ್ ಸ್ಮಶಾನದಲ್ಲಿ.

ಅವರನ್ನು ಹೊಸದಾಗಿ ನೋಡುವವರು ‘317ನೇ ತುಕಡಿ’ಯಿಂದಲೇ ಶುರು ಮಾಡಲಿ. ಮೆಗ್ರೆಯಿಂದ ಶುರು ಮಾಡಿದರೆ ಈ ಮನುಷ್ಯ ಹುಟ್ಟಿದಾಗಿನಿಂದ ಹಿರಿಯನೇ ಇದ್ದನೇನೋ ಅನಿಸಿಬಿಡುತ್ತದೆ. ವಿಲ್ಸ್‌ಡೋರ್ಫ್ ಆದಾಗ ಕ್ರೆಮೇರ್‌ಗೆ ಮೂವತ್ತೈದು. ಆಮೇಲೆ ‘ಸಾರ್ಸರರ್’ ನೋಡಿ, ಅದೂ ಸರಿಪಡಿಸಿದ ಪ್ರತಿಯಲ್ಲಿ. ಅನಂತರ ಮೆಗ್ರೆಯ ಹತ್ತಾರು ಕಂತುಗಳು, ಯಾವ ಕ್ರಮದಲ್ಲಾದರೂ ಸರಿ, ಒಂದೊಂದರ ಕಥೆಯೂ ಬೇರೆ. ‘ಮರಳಿನಡಿ’ಯನ್ನು ಕೊನೆಗೆ ಇಟ್ಟುಕೊಳ್ಳಿ. ಅಷ್ಟು ಹೊತ್ತಿಗೆ ಆ ಮುಖ ನಿಮಗೂ ಮನೆಯವರ ಮುಖದಷ್ಟು ಪರಿಚಿತವಾಗಿರುತ್ತದೆ, ಅವನು ಸಮುದ್ರದ ಕಡೆ ಎದ್ದು ಹೋಗುವಾಗ ತಡೆಯಬೇಕೆನಿಸುತ್ತದೆ.